ಸೆಲ್ಫಿ ಟೀಚರ್

ತೂಗುವ ದೋಣಿಯಲ್ಲಿ ನಾನು ಸೆಲ್ಫಿ ತೆಗೆಯಲು ಎದ್ದು ನಿಂತೆನಂತೆ. ಅದಕ್ಕೇ ಬಿದ್ದೆನಂತೆ. ಪಾರ್ಕಿನ ಯಜಮಾನ ಊರಿನ ಕೇಬಲ್ ಚಾನೆಲಿನ ಮೈಕಿನ ಮುಂದೆ ಹೀಗೆ ಹೇಳುವಾಗ ನಾನು ಪುತ್ತೂರಿನ ಆಸ್ಪತ್ರೆಯಲ್ಲಿ ಬಲಗೈಯನ್ನು ದಿಂಬಿನ ಮೇಲೆ ಏರಿಸಿಟ್ಟುಕೊಂಡು ಮಲಗಿದ್ದೆ. ಪಕ್ಕದ ಹಾಸಿಗೆಯ ಅಜ್ಜಿಯ ಮಗಳು ಮೊಬೈಲಿನಲ್ಲಿ ಅದನ್ನು ನೋಡಿದವಳು ಒಮ್ಮೆ ನನ್ನ ಮುಖ ನೋಡಿ, ಮೊಬೈಲನ್ನು ಮಗುಚಿ ಮಡಿಲಲ್ಲಿಟ್ಟುಕೊಂಡಳು. ಮೂಳೆ ಮುರಿದ ನೋವು ಎಂಥದ್ದೆಂದು ಆಗ ನನಗೆ ಸರಿಯಾಗಿ ಗೊತ್ತಿರಲಿಲ್ಲ, ಇಂಜೆಕ್ಷನ್ನಿನ ಮಂಪರಿತ್ತು. ಆದರೆ ಆ ಮಾತು ಕಿವಿಗೆ ಬಿದ್ದಾಗ ಹೊಟ್ಟೆಯೊಳಗೆ ಎದ್ದ ಉರಿ ಚೆನ್ನಾಗಿ ನೆನಪಿದೆ. ಅದು ಈಗಲೂ ಆರಿಲ್ಲ. ಆರಿಸುವ ಮನಸ್ಸೂ ನನಗಿಲ್ಲ.

ನಾನು ಕಡಬ ತಾಲೂಕಿನ ಒಂದು ಹೈಸ್ಕೂಲಿನಲ್ಲಿ ದೈಹಿಕ ಶಿಕ್ಷಣದ ಶಿಕ್ಷಕಿ. ಮಕ್ಕಳ ಬಾಯಲ್ಲಿ ಪಿಟಿ ಟೀಚರ್. ಶಾಲೆಯ ಹತ್ತಿರ ಒಂದು ಬಾಡಿಗೆ ಮನೆ, ಶನಿವಾರ ಮಧ್ಯಾಹ್ನ ಬಸ್ಸು ಹಿಡಿದರೆ ಕೊಲ್ಲಮೊಗ್ರಿನ ಬಳಿಯ ಅಮ್ಮನ ಮನೆ. ಮದುವೆ ಆಗಲಿಲ್ಲ, ಆಗಬೇಕೆಂದು ಅಷ್ಟು ಅನ್ನಿಸಲೂ ಇಲ್ಲ. ನನ್ನ ಹುಡುಗಿಯರ ತ್ರೋಬಾಲ್ ತಂಡ ಜಿಲ್ಲೆಯವರೆಗೆ ಹೋಗಿ ಗೆದ್ದು ಬರುತ್ತಿತ್ತು. ಗುಂಡೆಸೆತವನ್ನು ನಾನು ಬಾಯಲ್ಲಿ ಹೇಳಿಕೊಟ್ಟವಳಲ್ಲ, ಎಸೆದು ತೋರಿಸಿದವಳು. ಗುಂಡನ್ನು ಕತ್ತಿನ ಬದಿಗೆ ಒತ್ತಿ, ಸೊಂಟ ತಿರುಗಿಸಿ, ಅಂಗೈಯಿಂದ ನೂಕುವಾಗ ಭುಜದಿಂದ ಬೆರಳಿನ ತುದಿಗೆ ಹರಿಯುವ ಆ ಬಲ ಇದೆಯಲ್ಲ, ಅದರ ಸುಖ ಎಸೆದವರಿಗೇ ಗೊತ್ತು. ಆ ಸುಖ ನನ್ನ ಬಲಗೈಯಲ್ಲಿತ್ತು.

ಪಾರ್ಕಿನ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಪುತ್ತೂರು, ಸುಳ್ಯ, ಕಡಬ, ಈ ಮೂರು ತಾಲೂಕುಗಳ ನಡುವೆ, ರಬ್ಬರ್ ಮರ ಕಡಿದು ಸಮತಟ್ಟು ಮಾಡಿದ ಒಂದು ಗುಡ್ಡದಲ್ಲಿ ಅದು ಇತ್ತು. ಗೇಟಿನಲ್ಲಿ ಬಾಯಿ ತೆರೆದ ಸಿಮೆಂಟಿನ ಡೈನೋಸಾರ್, ಒಳಗೆ ನೀರಿನ ಜಾರುಬಂಡೆ, ಕೆರೆಯಂತಹ ಕೊಳ, ಎತ್ತರದಲ್ಲಿ ಆಚೀಚೆ ತೂಗುವ ಕಬ್ಬಿಣದ ದೊಡ್ಡ ದೋಣಿ. ಅದಕ್ಕೆ ಎಲ್ಲ ಕಡೆಯಂತೆ ಇಲ್ಲಿಯೂ ಕೊಲಂಬಸ್ ಎಂದೇ ಹೆಸರು. ವಾರದ ರಜೆಯಲ್ಲಿ ಮನೆಮಂದಿ ಬರುತ್ತಿದ್ದರು. ಆದರೆ ಪಾರ್ಕು ನಡೆಯುತ್ತಿದ್ದದ್ದು ಶಾಲೆಯ ಮಕ್ಕಳಿಂದ. ಡಿಸೆಂಬರ್ ಬಂತೆಂದರೆ ಸುತ್ತಲಿನ ಶಾಲೆಗಳ ಬಸ್ಸುಗಳು ಅಲ್ಲಿ ಸಾಲಾಗಿ ನಿಲ್ಲುತ್ತಿದ್ದವು.

ಯಜಮಾನ ನಮಗೆ ಹೊಸಬನಲ್ಲ. ಶಾಲೆಗಳ ಕ್ರೀಡಾಕೂಟಕ್ಕೆ ಅವನೇ ಅತಿಥಿ, ಅವನೇ ಟ್ರೋಫಿ ಕೊಡುವವನು. ಬಿಳಿ ಪಂಚೆ, ಬಿಳಿ ಅಂಗಿ, ನಗುಮುಖ. ಒಂದು ವರ್ಷ ನನಗೂ ಶಾಲು ಹೊದಿಸಿ, "ಇಂಥ ಟೀಚರ್ ನಮ್ಮ ತಾಲೂಕಿಗೆ ಹೆಮ್ಮೆ" ಎಂದು ಮೈಕಿನಲ್ಲಿ ಹೇಳಿದ್ದ. ಅವನನ್ನು ಇಲ್ಲಿ ಏಕವಚನದಲ್ಲಿ ಬರೆಯುತ್ತಿದ್ದೇನೆ. ಎದುರು ಸಿಕ್ಕಿದಾಗ ಬಹುವಚನದಲ್ಲೇ ಮಾತಾಡಿದ್ದೇನೆ. ಬರಹದಲ್ಲಾದರೂ ಅಷ್ಟು ಸ್ವಾತಂತ್ರ್ಯ ನನಗೆ ಬೇಕು.

ಕೈ ಮುರಿದ ವರ್ಷ ನಮ್ಮ ಶಾಲೆಯಿಂದ ದೂರದ ಪ್ರವಾಸ ಬೇಡ, ಆ ಪಾರ್ಕಿಗೆ ಒಂದು ದಿನ ಹೋದರೆ ಸಾಕು ಎಂದಾಯಿತು. ಮಕ್ಕಳು ಬೆಳಗ್ಗೆಯಿಂದ ನೀರಿನಲ್ಲಿ ಆಡಿ, ಮಧ್ಯಾಹ್ನ ಉಂಡು, ಕೊಲಂಬಸಿನ ಎದುರು ಸಾಲು ನಿಂತರು. ಎಂಟನೆಯ ತರಗತಿಯ ಒಬ್ಬಳು ಹುಡುಗಿ ಮಾತ್ರ ನನ್ನ ಚೂಡಿದಾರದ ತುದಿ ಹಿಡಿದುಕೊಂಡು ನಿಂತಿದ್ದಳು. ಗೆಳತಿಯರು ಅವಳನ್ನು ಪುಕ್ಕಲಿ ಎಂದು ಹಂಗಿಸುತ್ತಿದ್ದರು.

"ಟೀಚರ್, ನೀವು ಬಂದ್ರೆ ಮಾತ್ರ ನಾನು ಹೋಗುದು" ಎಂದಳು.

ನನ್ನ ಬ್ಯಾಗನ್ನು ಕನ್ನಡ ಟೀಚರ ಕೈಗೆ ಕೊಟ್ಟೆ. ಮೊಬೈಲು ಆ ಬ್ಯಾಗಿನಲ್ಲಿತ್ತು. ಇದನ್ನು ಒತ್ತಿ ಬರೆಯುತ್ತಿದ್ದೇನೆ: ಮೊಬೈಲು ಬ್ಯಾಗಿನಲ್ಲಿತ್ತು, ಬ್ಯಾಗು ಕೆಳಗೆ ನಿಂತಿದ್ದ ಕನ್ನಡ ಟೀಚರ ಹೆಗಲಿನಲ್ಲಿತ್ತು.

ನಮಗೆ ಸಿಕ್ಕಿದ್ದು ತುದಿಯ ಸಾಲು. ಕುಳಿತ ಮೇಲೆ ತೊಡೆಯ ಮೇಲೊಂದು ಕಬ್ಬಿಣದ ಸರಳು ಇಳಿಯುತ್ತದೆ. ಅದು ಬದಿಯಲ್ಲಿ ಟಕ್ ಎಂದು ಕಚ್ಚಿಕೊಳ್ಳಬೇಕು. ಬೇರೆ ಸಾಲುಗಳಲ್ಲಿ ಟಕ್ ಎಂದಿತು, ನಮ್ಮದರಲ್ಲಿ ಇಲ್ಲ. ದೋಣಿ ನಡೆಸುವ ಗಂಡಸು ಬಂದು ಎರಡು ಸಲ ಒತ್ತಿ ನೋಡಿದ. ಆಮೇಲೆ ಸರಳಿಗೆ ಮೊದಲೇ ಸುತ್ತಿಟ್ಟಿದ್ದ ನೀಲಿ ನೈಲಾನ್ ಹಗ್ಗವನ್ನು ಬಿಚ್ಚಿ ಸೀಟಿನ ಕಾಲಿಗೆ ಕಟ್ಟಿದ. ದನವನ್ನು ಗೂಟಕ್ಕೆ ಕಟ್ಟುವ ಹಾಗೆ.

"ಎಂತ ಇದು? ಲಾಕ್ ಇಲ್ವಾ?" ಎಂದೆ.

"ಏನಾಗುದಿಲ್ಲ ಮೇಡಂ. ದಿನಾ ಹೀಗೇ ಹೋಗುದು."

"ಬೇಡ, ಬಿಚ್ಚಿ. ನಾವು ಇಳೀತೇವೆ" ಎನ್ನುವಷ್ಟರಲ್ಲಿ ಅವನು ಕೆಳಗಿಳಿದು ಬೆಲ್ಲು ಹೊಡೆದಾಗಿತ್ತು. ಮಕ್ಕಳ ಕಿರುಚಾಟದಲ್ಲಿ ನನ್ನ ಕೂಗು ಯಾರಿಗೂ ಕೇಳಲಿಲ್ಲ.

ಮೊದಮೊದಲು ಮೆಲ್ಲಗೆ ತೂಗಿತು. ಏರುತ್ತಾ ಹೋದ ಹಾಗೆ ಹುಡುಗಿ ಕಣ್ಣು ಮುಚ್ಚಿಕೊಂಡು ನನ್ನ ತೋಳಿಗೆ ಅಂಟಿದಳು. ನನ್ನ ಕಣ್ಣು ಹಗ್ಗದ ಗಂಟಿನ ಮೇಲೇ ಇತ್ತು. ನಮ್ಮ ತುದಿ ತೀರಾ ಮೇಲೆ ಹೋದಾಗ ಗಂಟು ಜಾರಿ, ಸರಳು ಬಾಗಿಲಿನ ಹಾಗೆ ತೆರೆದುಕೊಂಡಿತು. ಹುಡುಗಿ ಸೀಟಿನಿಂದ ಜಾರಿದಳು. ಎಡಗೈಯಿಂದ ಅವಳ ಸೊಂಟ ಸುತ್ತಿ ಸೀಟಿಗೆ ಒತ್ತಿ ಹಿಡಿದೆ, ಬಲಗೈಯಿಂದ ಬದಿಯ ಕಂಬಿ. ಅವಳು ಉಳಿದಳು. ನನ್ನ ಅರ್ಧ ಮೈ ಹೊರಗೆ ಹೋಯಿತು. ದೋಣಿ ಕೆಳಗಿಳಿದು ಬರುವಾಗ ಹತ್ತಿ ಇಳಿಯುವ ಕಬ್ಬಿಣದ ಕಟ್ಟೆಗೂ ದೋಣಿಯ ಅಂಚಿಗೂ ನಡುವೆ ನನ್ನ ಕೈ ಇತ್ತು. ಕಬ್ಬು ಅರೆಯುವ ಯಂತ್ರದಲ್ಲಿ ಒಣಗಿದ ಕಬ್ಬು ಸಿಕ್ಕಿದಾಗ ಬರುವ ಶಬ್ದ ಬಂತು. ಅಷ್ಟೇ ನನಗೆ ಗೊತ್ತಿರುವುದು.

ಪುತ್ತೂರಿನಲ್ಲಿ ಮೊದಲ ಚಿಕಿತ್ಸೆ, ಮಂಗಳೂರಿನಲ್ಲಿ ಆಪರೇಷನ್, ಮತ್ತೆ ಪುತ್ತೂರು. ಕೈ ಉಳಿಯಿತು ಎಂದು ಡಾಕ್ಟರು ಖುಷಿಯಿಂದ ಹೇಳಿದರು. ಉಳಿದ ಕೈ ಎಂಥದ್ದು ಎಂದರೆ, ಮೊಣಕೈ ಪೂರ್ತಿ ನೇರವಾಗುವುದಿಲ್ಲ, ಬೆರಳುಗಳು ಮುಷ್ಟಿಯಾಗುವುದಿಲ್ಲ. ಒಳಗೆ ಲೋಹದ ಪಟ್ಟಿಗಳಿವೆ. ಮಳೆಗಾಲದಲ್ಲಿ ಅವು ನನಗಿಂತ ಮೊದಲು ಏಳುತ್ತವೆ.

ಮಂಗಳೂರಿನಿಂದ ಮರಳಿ ಪುತ್ತೂರಿಗೆ ಬಂದ ಮೇಲೆ ಯಜಮಾನ ನನ್ನನ್ನು ನೋಡಲು ಬಂದ. ಅವನ ಜೊತೆ ನಾಲ್ಕಾರು ಮಂದಿ, ಒಬ್ಬನ ಕೈಯಲ್ಲಿ ಹಣ್ಣಿನ ಬುಟ್ಟಿ, ಇನ್ನೊಬ್ಬನ ಕೈಯಲ್ಲಿ ಕ್ಯಾಮೆರಾ. ಫೋಟೊ ತೆಗೆದಾದ ಮೇಲೆ ಉಳಿದವರನ್ನು ಹೊರಗೆ ಕಳಿಸಿ ಕುರ್ಚಿ ಹತ್ತಿರ ಎಳೆದುಕೊಂಡ.

"ಟೀಚರ್, ಆಸ್ಪತ್ರೆಯದ್ದು ಎಲ್ಲ ನಾವು ನೋಡ್ತೇವೆ. ನೀವು ಟೆನ್ಶನ್ ಮಾಡ್ಬೇಡಿ. ಕೇಸು ಗೀಸು ಅಂತ ಹೋದ್ರೆ ಶಾಲೆಗೂ ಹೆಸರು ಹಾಳು."

"ನಾನು ಎದ್ದು ನಿಂತೆ ಅಂತ ಹೇಳಿದ್ರಲ್ಲ, ಯಾರು ನೋಡಿದ್ದು?"

"ಅದು ಚಾನೆಲಿನವರು ಕೇಳಿದ್ರು, ಎಂತಾದ್ರೂ ಹೇಳ್ಬೇಕಲ್ಲ."

"ಲಾಕ್ ಇರ್ಲಿಲ್ಲ. ಹಗ್ಗ ಕಟ್ಟಿದ್ದು. ಅದನ್ನು ಹೇಳಿ."

ಅವನು ಎದ್ದು ನಿಂತು ನನ್ನ ಹೊದಿಕೆಯನ್ನು ಸರಿಮಾಡಿದ. "ನಿಮಗೆ ರೆಸ್ಟ್ ಬೇಕು ಟೀಚರ್" ಎಂದು ನಕ್ಕು ಹೋದ. ಹಣ್ಣಿನ ಬುಟ್ಟಿಯನ್ನು ನರ್ಸಿಗೆ ಹೇಳಿ ಹೊರಗೆ ಇಡಿಸಿದೆ. ಅವನು ಮುಟ್ಟಿದ ಹೊದಿಕೆಯನ್ನೂ ಬದಲಿಸಿ ಎಂದೆ.

ದೂರು ಕೊಟ್ಟೆ. ಪೊಲೀಸರು ಹೋಗಿ ನೋಡುವಾಗ ಎಲ್ಲ ಸೀಟಿಗೂ ಹೊಸ ಲಾಕು, ಹೊಸ ಪೈಂಟು. ಪಾರ್ಕಿನ ಸಿಸಿ ಕ್ಯಾಮೆರಾ ಆ ವಾರ ಕೆಟ್ಟಿತ್ತಂತೆ. ಮೊಬೈಲು ತನ್ನ ಹತ್ತಿರ ಇತ್ತೆಂದು ಕನ್ನಡ ಟೀಚರು ಹೇಳಿದರೆ, "ಇನ್ನೊಂದು ಮೊಬೈಲ್ ಇರಬಹುದಲ್ಲ" ಎಂದು ಯಜಮಾನನ ಕಡೆಯವರು ಹೇಳಿದರು. ಹಗ್ಗ ಕಟ್ಟಿದ ಗಂಡಸು ಊರು ಬಿಟ್ಟಿದ್ದ. ಹತ್ತಿರದಿಂದ ನೋಡಿದವಳೆಂದರೆ ನನ್ನ ಪಕ್ಕದಲ್ಲಿದ್ದ ಹುಡುಗಿ. ಅವಳ ಅಪ್ಪ ಯಜಮಾನನ ಲಾರಿಯ ಡ್ರೈವರ್. ಅವರು ಒಂದು ಸಂಜೆ ಅಮ್ಮನ ಮನೆಗೆ ಬಂದು, ಜಗಲಿಗೆ ಹತ್ತದೆ ಅಂಗಳದಲ್ಲೇ ನಿಂತು, "ಟೀಚರೇ, ನನ್ನ ಮಗಳನ್ನು ಉಳಿಸಿದ್ದು ನೀವು. ಅದು ನಮಗೆ ಗೊತ್ತುಂಟು. ಆದ್ರೆ ಅವಳನ್ನು ಸ್ಟೇಷನಿಗೆ ಕರಿಬೇಡಿ" ಎಂದರು. ಅವರ ಕಣ್ಣಲ್ಲಿ ನೀರಿತ್ತು. ಆಯಿತು ಎಂದೆ. ಅವರ ಮೇಲೆ ನನಗೆ ಸಿಟ್ಟು ಬರಲಿಲ್ಲ. ಆ ಮನುಷ್ಯನನ್ನು ಹಾಗೆ ಅಂಗಳದಲ್ಲಿ ನಿಲ್ಲಿಸಿದ ಪಾಪವನ್ನೂ ಯಜಮಾನನ ತಲೆಗೇ ಕಟ್ಟಿದೆ.

ಪ್ಲಾಸ್ಟರು ಬಿಚ್ಚಿದ ಮೇಲೆ ಶಾಲೆಗೆ ಹೋದೆ. ಬಸ್ಸಿನ ಕಂಡಕ್ಟರು ಟಿಕೆಟು ಹರಿಯುತ್ತಾ, "ಹೋ, ಸೆಲ್ಫಿ ಟೀಚರ್ ಅಲ್ವಾ? ಈಗ ಹೇಗುಂಟು?" ಎಂದ. ಪಾಪ, ಕಾಳಜಿಯಿಂದಲೇ ಕೇಳಿದ್ದು. ಶಾಲೆಯ ಹಿಂದಿನ ವರಾಂಡದಲ್ಲಿ ಸಣ್ಣ ಮಕ್ಕಳು ಒಂದು ಆಟ ಆಡುತ್ತಿದ್ದರು. ಒಬ್ಬ ಬೆಂಚಿನ ಮೇಲೆ ನಿಂತು ಕೈಯನ್ನು ಮುಖದ ಎದುರು ಚಾಚಿ ಹಲ್ಲು ಕಿಸಿಯುವುದು, ಉಳಿದವರು ಬೆಂಚು ಅಲ್ಲಾಡಿಸುವುದು, ಅವನು ಬೀಳುವುದು, ಎಲ್ಲರೂ ನಗುವುದು. ನನ್ನನ್ನು ಕಂಡು ಓಡಿದರು. ನಾನು ಆ ಬೆಂಚನ್ನು ಎಡಗೈಯಿಂದ ಎಳೆದು ಗೋಡೆಗೆ ಒತ್ತಿಟ್ಟೆ.

ಕೈ ಹೋದದ್ದಕ್ಕೆ ಜನ ಅಯ್ಯೋ ಎನ್ನುತ್ತಾರೆ. ಆದರೆ ಮಕ್ಕಳನ್ನು ಕರೆದುಕೊಂಡು ಹೋದ ಟೀಚರು ಮಕ್ಕಳ ಮಧ್ಯೆ ಎದ್ದು ನಿಂತು ಫೋಟೊ ತೆಗೆದಳು ಎಂದರೆ ಆ ಅಯ್ಯೋದ ಹಿಂದೆಯೇ ಒಂದು 'ಆದ್ರೂ' ಬರುತ್ತದೆ. ನನ್ನನ್ನು ಕೊರೆದದ್ದು ಆ 'ಆದ್ರೂ'.

ಫಿಸಿಯೋಥೆರಪಿಯವರು ಹಿಸುಕಲು ಒಂದು ಮೆತ್ತನೆಯ ಚೆಂಡು ಕೊಟ್ಟಿದ್ದರು. ಬೆಳಗ್ಗೆ ಸಂಜೆ ಹಿಸುಕಬೇಕು. ಬೆರಳು ಮಡಚುವುದಿಲ್ಲ, ಮಡಚಿದಷ್ಟಕ್ಕೆ ಕಣ್ಣು ಕತ್ತಲೆ ಬರುತ್ತದೆ. ಆ ಚೆಂಡನ್ನು ಅವನ ಕುತ್ತಿಗೆ ಎಂದುಕೊಂಡ ದಿನ ಮಾತ್ರ ಬೆರಳು ಸ್ವಲ್ಪ ಹೆಚ್ಚು ಬಗ್ಗುತ್ತಿತ್ತು. ಥೆರಪಿಯವರು, "ಇವತ್ತು ಒಳ್ಳೆ ಪ್ರೋಗ್ರೆಸ್ ಉಂಟು ಮೇಡಂ" ಎನ್ನುತ್ತಿದ್ದರು. ಮಳೆಗಾಲದಲ್ಲಿ ಸಂಪಾಜೆಯ ಹತ್ತಿರ ಗುಡ್ಡ ಜರಿದು ಅವನ ಕಾರು ರಾತ್ರಿಯಿಡೀ ಸಿಕ್ಕಿಬಿದ್ದಿದೆ ಎಂದು ಸುದ್ದಿ ಬಂದಾಗ ನನಗೆ ಎರಡು ದೋಸೆ ಹೆಚ್ಚು ಸೇರಿತು. ಮರುದಿನ ಅವನು ಕ್ಷೇಮವಾಗಿ ಮನೆ ಸೇರಿದನೆಂದು ತಿಳಿದು ಗುಡ್ಡದ ಮೇಲೇ ಸಿಟ್ಟು ಬಂತು.

ಹೀಗೆ ನಾನು ಒಳಗೊಳಗೇ ಬೇಯುತ್ತಿರುವುದನ್ನು ಅಮ್ಮ ನೋಡುತ್ತಿದ್ದರು. ಅಮ್ಮ ಮಾತಾಡುವುದು ನಮ್ಮ ಕಡೆಯ ಅರೆಭಾಷೆ, ಇಲ್ಲಿ ಕನ್ನಡದಲ್ಲೇ ಬರೆಯುತ್ತೇನೆ. ಒಂದು ಭಾನುವಾರ ಹಲಸಿನ ಬೀಜ ಸುಲಿಯುತ್ತಾ, ತಲೆಯೆತ್ತದೆ ಹೇಳಿದರು: "ಕೋರ್ಟಿಗೆ ಕಾಲ ಬೇಕು, ಆಗಲಿ, ಅದು ಅದರ ದಾರಿಯಲ್ಲಿ ಹೋಗಲಿ. ನೀನು ಅವನನ್ನು ದೈವದ ಎದುರು ನಿಲ್ಲಿಸು. ಟಿವಿಯ ಎದುರು ಹೇಳಿದ್ದನ್ನು ದೀಪದ ಎದುರು ಹೇಳಲಿ."

ನಾನು ಇಂಥದ್ದನ್ನು ಅಷ್ಟಾಗಿ ನಂಬಿದವಳಲ್ಲ. ಆದರೆ ನಾನು ನಂಬಬೇಕಾದ ಅಗತ್ಯ ಇರಲಿಲ್ಲ. ಅವನು ನಂಬಿದರೆ ಸಾಕಿತ್ತು. ಅವನು ನಂಬುತ್ತಿದ್ದ. ಅವನ ಊರಿನ ದೈವಸ್ಥಾನದ ಜೀರ್ಣೋದ್ಧಾರ ಸಮಿತಿಗೆ ಅವನೇ ಅಧ್ಯಕ್ಷ. ನಮ್ಮ ಕಡೆ ಹೀಗೊಂದು ನಡಾವಳಿ ಉಂಟು: ಸತ್ಯದ ಮಾತು ಎಂದು ಒಬ್ಬರು ದೈವದ ಎದುರು ಕರೆದರೆ ಬೆನ್ನು ಹಾಕಿ ಹೋಗಬಾರದು. ಹೋದರೆ ಒಪ್ಪಿಕೊಂಡ ಹಾಗೆ.

ಸಂಕ್ರಮಣದ ದಿನ ಅಮ್ಮ, ಕನ್ನಡ ಟೀಚರು, ನಾನು ಅಲ್ಲಿಗೆ ಹೋದೆವು. ಪೂಜೆ ಮುಗಿದು ಪ್ರಸಾದ ಕೊಡುವ ಹೊತ್ತು. ಊರಿನ ಮಂದಿ ಅಂಗಳದ ತುಂಬ ಇದ್ದರು. ಅವನು ಗರ್ಭಗುಡಿಯ ಬಾಗಿಲಿನ ಬದಿಯಲ್ಲಿ ಶಲ್ಯ ಹೊದ್ದು ನಿಂತಿದ್ದ, ಪಕ್ಕದಲ್ಲಿ ಅವನ ಹೆಂಡತಿ. ನಾನು ಮುಂದೆ ಹೋಗಿ, ಅಲ್ಲಿನ ಹಿರಿಯರಿಗೆ ಕೈ ಮುಗಿಯಲು ಬಲಗೈ ಏಳದ್ದರಿಂದ ತಲೆ ಬಾಗಿಸಿ, ಎಲ್ಲರಿಗೂ ಕೇಳುವ ಹಾಗೆ ಹೇಳಿದೆ:

"ನನಗೊಂದು ಸತ್ಯದ ಮಾತು ಕೇಳ್ಲಿಕ್ಕುಂಟು. ನಿಮ್ಮ ಅಧ್ಯಕ್ಷರ ಹತ್ರ."

ಮೈದಾನದಲ್ಲಿ ಕೂಗಿ ಅಭ್ಯಾಸವಿದ್ದ ಸ್ವರ. ಪ್ರಸಾದಕ್ಕೆ ಕೈ ಚಾಚಿದವರೂ ತಿರುಗಿ ನೋಡಿದರು.

"ಟೀಚರ್, ಇದು ಅದಕ್ಕೆ ಜಾಗ ಅಲ್ಲ" ಎಂದ ಅವನು, ಮೆಲ್ಲಗೆ.

ಹಿರಿಯರು ಎಲೆ ಅಡಿಕೆ ತುಂಬಿದ ಬಾಯಿಯನ್ನು ಖಾಲಿ ಮಾಡಿ ಬಂದರು. "ಇದಲ್ಲದಿದ್ರೆ ಮತ್ತೆ ಯಾವ ಜಾಗ ಮಾರಾಯ್ರೆ?" ಎಂದರು.

ನಾನು ಕೇಳಿದೆ: "ನಾನು ಫೋಟೊ ತೆಗೀಲಿಕ್ಕೆ ಎದ್ದು ನಿಂತೆ ಅಂತ ಟಿವಿಯಲ್ಲಿ ಹೇಳಿದ್ದೀರಿ. ದೀಪ ಮುಟ್ಟಿ ಅದನ್ನೇ ಹೇಳಿ."

ಅವನು ಸ್ವಲ್ಪ ಯೋಚಿಸಿದ. ಬುದ್ಧಿವಂತ. ಮುಂದೆ ಬಂದು ದೀಪದ ಬುಡ ಮುಟ್ಟಿ ಹೇಳಿದ: "ನಾನು ಕಣ್ಣಾರೆ ನೋಡ್ಲಿಲ್ಲ. ಕೆಲಸದವರು ಹೇಳಿದ್ದನ್ನು ನಾನು ಹೇಳಿದ್ದು. ಇದು ಸತ್ಯ." ಹೇಳಿ ಜನರ ಕಡೆ ತಿರುಗಿ ನಕ್ಕ. ಕೆಲವರು ತಲೆಯಾಡಿಸಿದರು. ನನ್ನ ಹಿಂದೆ ಕನ್ನಡ ಟೀಚರು ನಿಟ್ಟುಸಿರು ಬಿಟ್ಟದ್ದು ಕೇಳಿಸಿತು.

"ಆಯ್ತು" ಎಂದೆ. "ಇನ್ನೊಂದೇ ಮಾತು. ಆ ಸೀಟಿನ ಲಾಕು ಸರಿ ಇತ್ತು, ಹಗ್ಗ ಕಟ್ಟಿದ್ದಲ್ಲ ಅಂತ ಹೇಳಿ, ಇಲ್ಲದಿದ್ರೆ ಹಗ್ಗ ಕಟ್ಟಿದ್ದು ನಿಮಗೆ ಗೊತ್ತಿರ್ಲಿಲ್ಲ ಅಂತಾದ್ರೂ ಹೇಳಿ. ಇಷ್ಟು ಹೇಳಿದ್ರೆ ನಾನು ಇಲ್ಲೇ ನಿಮ್ಮ ಕಾಲಿಗೆ ಬಿದ್ದು ಹೋಗ್ತೇನೆ."

ಅವನ ಕೈ ದೀಪದ ಕಡೆ ಹೊರಟಿತು. ಹೊರಟ ಕೈ ಅರ್ಧ ದಾರಿಯಲ್ಲಿ ನಿಂತಿತು. ಎಣ್ಣೆಯಲ್ಲಿ ಬತ್ತಿ ಚಿಟಚಿಟ ಎನ್ನುತ್ತಿತ್ತು. ಅವನು ತುಟಿ ಒದ್ದೆ ಮಾಡಿಕೊಂಡ, ಕೈ ಮತ್ತೆ ಸ್ವಲ್ಪ ಮುಂದೆ ಹೋಯಿತು. ಆಗ ಅವನ ಹೆಂಡತಿ ಓಡಿ ಬಂದು ಆ ಕೈಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು.

"ಬೇಡ! ಹೇಳ್ಬೇಡಿ! ನಮಗೆ ಮಕ್ಕಳುಂಟು!"

ಆ ಕೂಗನ್ನು ಇಷ್ಟು ಕಾಲದ ಮೇಲೂ ನಾನು ಬೇಕೆಂದಾಗ ಕೇಳಿಸಿಕೊಳ್ಳಬಲ್ಲೆ. ಸಂಗೀತ ಪ್ರಿಯರು ತಮ್ಮ ಇಷ್ಟದ ಹಾಡನ್ನು ಮನಸ್ಸಿನಲ್ಲೇ ಹಾಕಿಕೊಳ್ಳುತ್ತಾರಲ್ಲ, ಹಾಗೆ. ಅವನು ತಲೆ ತಗ್ಗಿಸಿ ಬದಿಗೆ ಸರಿದ. ಹಿರಿಯರು ನನ್ನ ಕಡೆ ನೋಡಿ, "ಸಾಕಲ್ಲ ಮಗಳೇ?" ಎಂದರು. ಅಮ್ಮ ನನ್ನ ಪರವಾಗಿ, "ಇವತ್ತಿಗೆ ಸಾಕು" ಎಂದರು.

ಜನರಿಗೆ ಅದು ಕೊನೆಯಾಗಿತ್ತು. ನನಗೆ ಶುರು.

ನಮ್ಮ ಕೆಲಸದಲ್ಲಿ ಒಂದು ಅನುಕೂಲ ಉಂಟು. ವಲಯ ಮಟ್ಟ, ತಾಲೂಕು ಮಟ್ಟ ಎಂದು ಕ್ರೀಡಾಕೂಟಗಳು ನಡೆಯುವಾಗ ಎಲ್ಲ ಶಾಲೆಯ ಪಿಟಿ ಟೀಚರುಗಳು ಒಂದೇ ಮೈದಾನದಲ್ಲಿ ಸೇರುತ್ತಾರೆ. ಶಾಲೆಯ ಪ್ರವಾಸ ಎಲ್ಲಿಗೆ ಎಂಬ ಮಾತು ಬಂದಾಗ ಮುಖ್ಯಶಿಕ್ಷಕರು ಕೇಳುವುದು ಹೆಚ್ಚಾಗಿ ಅವರನ್ನೇ. ಆ ವರ್ಷ ಪುತ್ತೂರು, ಸುಳ್ಯ, ಕಡಬದ ಒಂದು ಕೂಟವನ್ನೂ ನಾನು ಬಿಡಲಿಲ್ಲ. ನನ್ನ ತಂಡ ಇಲ್ಲದಿದ್ದರೂ ಹೋದೆ. ಚಹಾದ ಹೊತ್ತಿಗೆ ಯಾರಾದರೊಬ್ಬರು ಕೈ ಹೇಗುಂಟು ಎಂದು ಕೇಳಿಯೇ ಕೇಳುತ್ತಿದ್ದರು. ನಾನು ಅಂಗಿಯ ತೋಳು ಮೇಲೆ ಸರಿಸಿ, ಹೊಲಿಗೆಯ ಗುರುತು ತೋರಿಸಿ, ನೀಲಿ ಹಗ್ಗದಿಂದ ಶುರುಮಾಡಿ ದೀಪದವರೆಗೆ ಹೇಳುತ್ತಿದ್ದೆ. ಒಂದು ಮಾತೂ ಸೇರಿಸಲಿಲ್ಲ. ಸೇರಿಸುವ ಅಗತ್ಯ ಇರಲಿಲ್ಲ. ಅಲ್ಲಿಗೆ ಹೋಗಬೇಡಿ ಎಂದು ಯಾರಿಗೂ ಹೇಳಲಿಲ್ಲ. "ನಿಮ್ಮ ಮಕ್ಕಳು, ನಿಮಗೆ ಬಿಟ್ಟದ್ದು" ಎಂದು ಮಾತ್ರ ಕೊನೆಗೆ ಹೇಳುತ್ತಿದ್ದೆ. ಅದು ಸಾಕಾಗುತ್ತಿತ್ತು.

ಡಿಸೆಂಬರ್ ಬಂತು. ಶಾಲೆಯ ಬಸ್ಸುಗಳು ಡೈನೋಸಾರಿನ ಎದುರಿನಿಂದಲೇ ಹಾದು ಬೇಕಲ ಕೋಟೆಗೆ, ಮಡಿಕೇರಿಗೆ, ಪಿಲಿಕುಳಕ್ಕೆ ಹೋದವು. ಆ ತಿಂಗಳು ನಾನೊಮ್ಮೆ ಕೆಲಸವಿಲ್ಲದೆಯೂ ಆ ದಾರಿಯ ಬಸ್ಸು ಹತ್ತಿದೆ. ಕಿಟಕಿಯ ಬದಿಯ ಸೀಟು ಹಿಡಿದು ಕುಳಿತೆ. ಪಾರ್ಕಿನ ಎದುರಿನ ಖಾಲಿ ಜಾಗದಲ್ಲಿ ಎರಡು ದನ ಮಲಗಿದ್ದವು. ತಿರುವಿನಲ್ಲಿ ಪಾರ್ಕು ಮರೆಯಾಗುವವರೆಗೆ ಕತ್ತು ತಿರುಗಿಸಿ ನೋಡಿದೆ.

ಮುಂದಿನ ಬೇಸಗೆ ರಜೆಯಲ್ಲಿ ಅವನು ಹೆಂಡತಿಯ ಜೊತೆ ಅಮ್ಮನ ಮನೆಗೆ ಬಂದ. ಬಾಗಿಲಿಗೆ ಬಂದವರಿಗೆ ನೀರು ಬೆಲ್ಲ ಕೊಡದೆ ಇರುವ ಮನೆಯಲ್ಲ ನಮ್ಮದು. ಅಮ್ಮ ಚೆಂಬು ತಟ್ಟೆ ತಂದು ಇಟ್ಟರು, ಒಳಗೆ ಹೋಗದೆ ಕಂಬಕ್ಕೆ ಒರಗಿ ನಿಂತರು.

"ಟೀಚರ್, ನಮ್ಮಿಂದ ತಪ್ಪಾಗಿದೆ" ಎಂದ ಅವನು. "ನೀವು ಹೇಳಿದ ಹಾಗೆ ಮಾಡುವ. ಎಂತ ಆಗ್ಬೇಕು ಹೇಳಿ."

"ಅದೇ ಚಾನೆಲು. ಅದೇ ಮೈಕು. ನೀವೇ ಹೇಳ್ಬೇಕು, ಬೇರೆಯವರಲ್ಲ."

ಅವನ ಮುಖ ಬಿಗಿಯಿತು. ಹೆಂಡತಿ ಅವನ ಕಡೆ ನೋಡಿದರು. "ಆಯ್ತು" ಎಂದ. ಬೆಲ್ಲದ ತುಂಡು ಬಾಯಿಗೆ ಹಾಕದೆ ಕೈಯಲ್ಲೇ ಹಿಡಿದುಕೊಂಡು ಹೋದ.

ಹೇಳಿದ. ರಜೆ ಮುಗಿದು ಶಾಲೆ ಶುರುವಾಗಿತ್ತು; ಆ ದಿನ ಸ್ಟಾಫ್ ರೂಮಿನಲ್ಲಿ ಕನ್ನಡ ಟೀಚರ ಮೊಬೈಲನ್ನು ಸ್ಟೀಲಿನ ಲೋಟಕ್ಕೆ ಒರಗಿಸಿಟ್ಟು ಎಲ್ಲರೂ ನೋಡಿದೆವು. ಅದೇ ಬಿಳಿ ಅಂಗಿ. ನಗು ಇರಲಿಲ್ಲ. "ಸೀಟಿನ ಲಾಕ್ ಹಾಳಾಗಿತ್ತು. ಹಗ್ಗ ಕಟ್ಟಿ ಓಡಿಸ್ತಿದ್ದದ್ದು ನನಗೆ ಗೊತ್ತಿತ್ತು. ಟೀಚರ್ ಎದ್ದು ನಿಂತದ್ದಲ್ಲ. ಅವರು ಒಂದು ಮಗುವನ್ನು ಉಳಿಸಿದ್ದು." ಹಗ್ಗ ಎನ್ನುವಾಗ ಅವನ ಸ್ವರ ಒಡೆಯಿತು. ಆ ಜಾಗಕ್ಕೆ ಹಿಂದೆ ಹೋಗಿ ಮತ್ತೆ ನೋಡಿದೆ. ಇನ್ನೊಮ್ಮೆ ನೋಡಿದೆ. ಬೆಲ್ಲಾಗಿ ಉಳಿದವರೆಲ್ಲ ತರಗತಿಗೆ ಹೋದ ಮೇಲೆ ಒಬ್ಬಳೇ ಕುಳಿತು ಮತ್ತೂ ನೋಡಿದೆ.

ಎರಡು ದಿನ ಬಿಟ್ಟು ಅವನ ಫೋನು.

"ಟೀಚರ್, ನೋಡಿದ್ರಲ್ಲ? ಇನ್ನು ನೀವು ಶಾಲೆಗಳವರಿಗೆ ಒಂದು ಮಾತು ಹೇಳಿದ್ರೆ..."

"ಎಂತ ಮಾತು?"

"ಈಗ ಎಲ್ಲ ಸರಿ ಉಂಟು, ಬರಬಹುದು ಅಂತ. ಎಲ್ಲ ಹೊಸತು ಹಾಕಿಸಿದ್ದೇನೆ. ನೀವೇ ಬಂದು ನೋಡಿ."

"ಹಾಗೆ ಹೇಳ್ತೇನೆ ಅಂತ ನಾನು ಯಾವಾಗ ಹೇಳಿದ್ದು?"

ಅವನು ನೆನಪಿಸಿಕೊಳ್ಳುತ್ತಿದ್ದಾನೆ ಎಂದು ಗೊತ್ತಾಯಿತು. ಜಗಲಿಯಲ್ಲಿ ಆಡಿದ ಒಂದೊಂದು ಮಾತನ್ನೂ ತಿರುವಿ ನೋಡುತ್ತಿದ್ದಾನೆ, ಅಲ್ಲಿ ಅಂಥ ಮಾತು ಸಿಗುತ್ತಿಲ್ಲ. ದೀಪದ ಬುಡದಲ್ಲಿ ಅವನು ಮಾತನ್ನು ಹೇಗೆ ಅಳೆದು ಆಡಿದ್ದನೋ ಹಾಗೆಯೇ ನಾನೂ ಆಡಿದ್ದೆ.

"ನೀವು ಮನುಷ್ಯರಲ್ಲ" ಎಂದ.

ಫೋನಿಟ್ಟೆ. ಹೋಗಿ ತಣ್ಣೀರಲ್ಲಿ ಮುಖ ತೊಳೆದು ಬಂದೆ. ಕನ್ನಡಿಯಲ್ಲಿ ನನ್ನ ಮುಖ ಚೆನ್ನಾಗಿಯೇ ಇತ್ತು.

ಶಾಲೆಗಳು ಬಾರದೆ ಪಾರ್ಕು ಮುಚ್ಚಿತು. ನಾನು ಫೋನಿನಲ್ಲಿ ಹೇಳಿದ್ದು ತಿಳಿದ ಮೇಲೆ ನನ್ನ ಕಡೆಯವರೂ ಸ್ವಲ್ಪ ತಿರುಗಿದರು. ಕನ್ನಡ ಟೀಚರು, ನನಗಾಗಿ ಸ್ಟೇಷನ್ ಮೆಟ್ಟಿಲು ಹತ್ತಿದವರು, "ಸಾಕು ಮಾರಾಯ್ತಿ. ಒಪ್ಪಿಕೊಂಡಾಯ್ತಲ್ಲ. ಆ ಪಾರ್ಕಿನಲ್ಲಿ ಎಷ್ಟು ಜನ ಕೆಲಸ ಮಾಡ್ತಿದ್ರು ಗೊತ್ತುಂಟಾ?" ಎಂದರು. ಗೊತ್ತಿತ್ತು. ಪಾರ್ಕು ಮುಚ್ಚಿದಾಗ ಆ ಹುಡುಗಿಯ ಅಪ್ಪನ ಲಾರಿ ಕೆಲಸವೂ ಹೋಯಿತು. ನಾನು ನಮ್ಮ ಶಾಲೆಯ ವ್ಯಾನಿನವರ ಹತ್ತಿರ ಮಾತಾಡಿ ಅವರಿಗೆ ಅಲ್ಲಿ ಕೆಲಸ ಮಾಡಿಸಿದೆ. ಅವರು ದಿನಾ ಬೆಳಗ್ಗೆ ವ್ಯಾನು ತಂದು ನಿಲ್ಲಿಸಿ ನನಗೆ ನಮಸ್ಕಾರ ಹೇಳುತ್ತಾರೆ, ಕಣ್ಣಿಗೆ ಕಣ್ಣು ಕೊಡುವುದಿಲ್ಲ. ಉಳಿದವರಿಗೆ ನಾನು ಏನೂ ಮಾಡಲಿಲ್ಲ. ಅವರ ಬಗ್ಗೆ ಕೆಲವೊಮ್ಮೆ ಯೋಚಿಸುತ್ತೇನೆ. ಆದರೆ ಆ ಯೋಚನೆ ನನ್ನನ್ನು ಪಾರ್ಕಿನ ಗೇಟು ತೆರೆಸುವಷ್ಟು ದೂರ ಕರೆದುಕೊಂಡು ಹೋಗಲಿಲ್ಲ. ಕೇಸು ಕೋರ್ಟಿನಲ್ಲಿ ಅದರ ಪಾಡಿಗೆ ಅದು ನಡೆಯುತ್ತಿದೆ. ನೀರಿನ ಜಾರುಬಂಡೆಗಳನ್ನು ಬಿಚ್ಚಿ ಗುಜರಿಗೆ ಹಾಕಿದರಂತೆ. ಗುಡ್ಡದಲ್ಲಿ ಮತ್ತೆ ರಬ್ಬರ್ ಗಿಡ ಇಟ್ಟಿದ್ದಾರೆ ಎಂದು ಹೇಳುತ್ತಾರೆ.

ಕಳೆದ ತಿಂಗಳು ಸುಳ್ಯದ ಒಂದು ಹಾಲಿನಲ್ಲಿ ಸಂಬಂಧಿಕರ ಮದುವೆ. ಅಮ್ಮ ಮತ್ತು ನಾನು ಊಟಕ್ಕೆ ಕುಳಿತಾಗ ಎದುರಿನ ಸಾಲಿನಲ್ಲಿ, ಸರಿಯಾಗಿ ನನ್ನ ಮುಂದೆ, ಅವನು ಬಂದು ಕುಳಿತ. ಕುಳಿತ ಮೇಲೆ ನನ್ನನ್ನು ನೋಡಿದ. ಸೊರಗಿದ್ದ, ಗಡ್ಡ ನರೆತಿತ್ತು. ಬಡಿಸುವವರು ಬಂದದ್ದರಿಂದ ಏಳಲಾಗಲಿಲ್ಲ. ನಾನು ಚೀಲದಿಂದ ಚಮಚ ತೆಗೆದು ಎಡಗೈಯಲ್ಲಿ ಹಿಡಿದೆ. ಮದುವೆಯ ಊಟ, ಎಡಗೈ. ನನ್ನ ಆಚೆ ಬದಿಯ ಅತ್ತೆಯೊಬ್ಬರು, ದೂರದ ಊರಿನವರು, ತಡೆಯಲಾರದೆ ಕೇಳಿಯೇ ಬಿಟ್ಟರು: "ಎಂತ ಮಗಾ, ಎಡಗೈಯಲ್ಲಿ ಉಣ್ಣುದು?"

"ಬಲಗೈ ಆಗುದಿಲ್ಲ ಅತ್ತೆ" ಎಂದೆ. "ಯಾಕೆ ಅಂತ ಎದುರು ಕೂತವರ ಹತ್ರ ಕೇಳಿ. ಅವರಿಗೆ ಸರಿಯಾಗಿ ಗೊತ್ತುಂಟು."

ಅತ್ತೆ ಮುಗ್ಧವಾಗಿ ಅವನ ಕಡೆ ತಿರುಗಿದರು. ಸಾಲಿನಲ್ಲಿ ಅವರಿವರು ತಿನ್ನುವುದನ್ನು ನಿಲ್ಲಿಸಿದರು. ಅವನು ಅನ್ನದಲ್ಲಿಟ್ಟಿದ್ದ ಬೆರಳನ್ನು ಎಲೆಯ ಅಂಚಿಗೆ ಒರೆಸಿದ. ಆಮೇಲೆ, ಪಂಕ್ತಿಯಿಂದ ನಡುವೆ ಏಳಬಾರದೆಂಬ ಮರ್ಯಾದೆಯನ್ನೂ ಬಿಟ್ಟು, ಎದ್ದು ಕೈತೊಳೆಯುವ ಕಡೆ ನಡೆದ. ಅವನು ಜನರ ನಡುವೆ ಮರೆಯಾಗುವವರೆಗೆ ನೋಡಿದೆ. ಕನಿಕರ ಬರುತ್ತದೆಯೋ ಎಂದು ನನ್ನೊಳಗೆ ಕಾದೆ ಕೂಡ. ಬರಲಿಲ್ಲ.

ಪಾಯಸದವನನ್ನು ಕರೆದು ಇನ್ನೊಂದು ಸೌಟು ಹಾಕಿಸಿಕೊಂಡೆ. ಅಮ್ಮ ತನ್ನ ಎಲೆಯ ಮೇಲೆ ಕಣ್ಣಿಟ್ಟುಕೊಂಡೇ, "ಅವನ ಹೋಳಿಗೆ ಹಾಗೇ ಉಳೀತು ನೋಡು" ಎಂದರು.